ಬ್ಯಾಡಗಿ ಮೆಣಸಿನಲ್ಲಿ ಡಾಕ್‌ಬೊಕ್ಕುಮ್‌ತಾಂಗ್: ಆರನೇ ಸಲಕ್ಕೆ ಕೈಗೂಡಿತು

ಡಾಕ್‌ಬೊಕ್ಕುಮ್‌ತಾಂಗ್ ಅಂದರೆ ಕೊರಿಯಾದ ಖಾರದ ಕೋಳಿ ಸಾರು. ಒಗ್ಗರಣೆ ಇಲ್ಲ, ಕಾಯಿ ಇಲ್ಲ, ಈರುಳ್ಳಿಯನ್ನೂ ಹುರಿಯುವುದಿಲ್ಲ, ಬರೀ ನೀರಲ್ಲಿ ಬೇಯಿಸಿದ ಕೋಳಿಗೆ ರುಚಿ ಎಲ್ಲಿಂದ ಬರಬೇಕು ಅಂತ ಮನೆಯವರು ಕೇಳಿದರು. ಬ್ಯಾಡಗಿ ಹಾಕಿದರೆ ಅದು ಕೊರಿಯಾದ ಅಡುಗೆಯೇ ಅಲ್ಲ ಅಂದವರು ಅಲ್ಲಿನ ರಾಜಧಾನಿ ಸೋಲ್‌ನಲ್ಲಿ ಇದ್ದು ಬಂದ ಗೆಳೆಯರು. ಈಗ ಎರಡೂ ಕಡೆಯವರು ಪಾತ್ರೆಯ ತಳ ಕೆರೆದು ತಿನ್ನುತ್ತಾರೆ, ಅದಕ್ಕೇ ಬರೆಯುತ್ತಿದ್ದೇನೆ.

ಹೆಸರಲ್ಲೇ ಒಂದು ಮೋಸವಿದೆ. ಡಾಕ್ ಅಂದರೆ ಕೋಳಿ, ಬೊಕ್ಕುಮ್ ಅಂದರೆ ಹುರಿದದ್ದು, ತಾಂಗ್ ಅಂದರೆ ಸಾರು. ಆದರೆ ಹೆಚ್ಚಿನ ಮನೆಗಳಲ್ಲಿ ಹುರಿಯುವುದೇ ಇಲ್ಲ. ಹಳೆಯ ಹೆಸರು ಡಾಕ್‌ದೋರಿತಾಂಗ್. ಅದರಲ್ಲಿನ ‘ದೋರಿ’ ಜಪಾನಿ ಮಾತು ಅಂತ ಅಲ್ಲಿನ ಭಾಷಾ ಸಂಸ್ಥೆ ಈ ಹೊಸ ಹೆಸರು ಸೂಚಿಸಿತು. ಕೊರಿಯನ್ನರು ಅದರ ಬಗ್ಗೆ ಇನ್ನೂ ಜಗಳವಾಡುತ್ತಾರೆ. ಹೆಸರು ನಂಬಿ ನಾನು ಮೊದಲ ಸಲ ಎಣ್ಣೆಯಲ್ಲಿ ಮೆಣಸಿನ ಪುಡಿ ಹುರಿದೆ. ಆದದ್ದು ನಮ್ಮದೇ ಕೋಳಿ ಸಾರು, ಅದೂ ಸಪ್ಪೆ.

ಅಂಗಡಿಯಲ್ಲಿ ಕರಿ ಕಟ್ ಬೇಡ. ಚರ್ಮ ಸಮೇತ 1.1 ಕೆ.ಜಿ. ಕೋಳಿ, ಹನ್ನೆರಡೇ ತುಂಡು. ಸಣ್ಣ ತುಂಡಾದರೆ ಮೂಳೆಚೂರು ಬಾಯಿಗೆ ಸಿಗುತ್ತದೆ, ಮಾಂಸವೂ ನಾರಾಗುತ್ತದೆ. ಜಜ್ಜಿದ ಶುಂಠಿ ಹಾಕಿದ ಕುದಿನೀರಿನಲ್ಲಿ ಎರಡು ನಿಮಿಷ ಅದ್ದಿ ತೆಗೆದು, ಬೆನ್ನುಮೂಳೆಯ ಸಂದಿಯಲ್ಲಿ ಕಟ್ಟಿಕೊಂಡ ರಕ್ತವನ್ನು ಬೆರಳಲ್ಲಿ ಕೆರೆದು ತೊಳೆಯಬೇಕು. ನಮ್ಮಲ್ಲಿ ಹಸಿವಾಸನೆಯನ್ನು ಮಸಾಲೆ ಮುಚ್ಚುತ್ತದೆ. ಇಲ್ಲಿ ಮುಚ್ಚಲು ಏನೂ ಇಲ್ಲ, ಎರಡನೇ ಪಾತ್ರೆ ಕೆಟ್ಟದ್ದೇ ಇದರಿಂದ.

ಇನ್ನು ಮೆಣಸಿನಕಾಯಿ. ಆಮದು ಗೊಚುಗಾರು, ಅಂದರೆ ಕೊರಿಯಾದ ಒಣಮೆಣಸಿನ ತರಿಪುಡಿಗೆ, ಅರ್ಧ ಕಿಲೋಗೆ ಸುಮಾರು 700 ರೂಪಾಯಿ ಕೊಟ್ಟ ನೆನಪು. ಒಂದು ಪಾತ್ರೆಗೆ ಹೋಗುವುದು 30 ಗ್ರಾಂ, ಅಂದರೆ ನಲವತ್ತು ರೂಪಾಯಿ, ಅದೇನೂ ಹೊರೆಯಲ್ಲ. ನಷ್ಟವಾಗಿದ್ದು ಪೊಟ್ಟಣ ಒಡೆದ ಮೇಲೆ: ಹೊರಗಿಟ್ಟರೆ ಎರಡು ತಿಂಗಳಲ್ಲಿ ಬಣ್ಣ ಕಂದಿತು, ಮುಕ್ಕಾಲು ಪಾಲು ಎಸೆದೆ. ಹಾಗಾಗಿ ಬ್ಯಾಡಗಿ. ಡಬ್ಬಿ ಜಾತಿಯದೇ ಬೇಕು, ಅದರಲ್ಲಿ ಬಣ್ಣ ಹೆಚ್ಚು, ಖಾರ ಕಡಿಮೆ. ತೊಟ್ಟು, ಬೀಜ ಪೂರ್ತಿ ತೆಗೆದು, ಒಂದು ಮಧ್ಯಾಹ್ನ ಬಿಸಿಲಿಗಿಟ್ಟು, ಮಿಕ್ಸಿಯನ್ನು ತಡೆತಡೆದು ತಿರುಗಿಸಿ ಚಿರೋಟಿ ರವೆಗಿಂತ ದಪ್ಪಕ್ಕೆ ನಿಲ್ಲಿಸಬೇಕು. ನುಣ್ಣಗಾದರೆ ಸಾರು ಕೆಸರಾಗುತ್ತದೆ. ಹುರಿಯಲೇಬಾರದು, ಹುರಿದರೆ ಸಾರಿನ ಪುಡಿಯ ಘಮ ಬಂದು ಕೊರಿಯಾ ಮಾಯ. ಬ್ಯಾಡಗಿಯ ಸಿಪ್ಪೆ ತೆಳು, ಬೇಯುವಾಗ ಸುರುಳಿಯಾಗಿ ಹಲ್ಲಿಗೆ ಅಂಟುತ್ತದೆ. ಇದಕ್ಕೆ ಮದ್ದು, ಇಪ್ಪತ್ತು ನಿಮಿಷ ಬೆಚ್ಚನೆ ನೀರಲ್ಲಿ ನೆನೆಸುವುದು. ಅಳತೆ: ಬ್ಯಾಡಗಿ ಮೂರೂವರೆ ದೊಡ್ಡ ಚಮಚ, ಗುಂಟೂರು ಅರ್ಧ.

ಗೊಚುಜಾಂಗ್, ಅಂದರೆ ಹುದುಗಿಸಿದ ಕೊರಿಯನ್ ಮೆಣಸಿನ ಪೇಸ್ಟ್, ಒಂದೇ ಚಮಚ. ನಾಲ್ಕು ಹಾಕಿದ ಸಲ ತಳ ಹಿಡಿಯಿತು, ಬಾಯೆಲ್ಲ ಮೆತ್ತಿಕೊಂಡಿತು. ಅದರಲ್ಲಿ ಅಂಟಕ್ಕಿ ಇದೆ, ಸಿಹಿಯೂ ಇದೆ. ಗಂಜಿಯಂತೆ ಗಟ್ಟಿಯಾಗಿ ಕೆಳಗೆ ಕೂತು ಸೀಯುತ್ತದೆ. ಕೆಂಪು ಬರಬೇಕಾದದ್ದು ಮೆಣಸಿನಿಂದ. ಸೋಯಾ ಸಾಸ್ ಐದು ಚಮಚ, ಹುದುಗಿಸಿ ಮಾಡಿದ್ದು. ಗೋಬಿ ಮಂಚೂರಿಗೆ ಹಾಕುವ ಡಾರ್ಕ್ ಸೋಯಾದಿಂದ ಇಡೀ ಪಾತ್ರೆ ಡಾಂಬರಿನ ಬಣ್ಣಕ್ಕೆ ತಿರುಗಿತ್ತು. ಜಜ್ಜಿದ ಬೆಳ್ಳುಳ್ಳಿ ಎರಡು ಚಮಚ, ಇದರಲ್ಲಿ ಜಿಪುಣತನ ಬೇಡ.

ಮುಕ್ಕಾಲು ಲೀಟರ್ ನೀರಿಗೆ ಕೋಳಿ, ಎರಡು ಚಮಚ ಸಕ್ಕರೆ ಹಾಕಿ ಹತ್ತು ನಿಮಿಷ ಕುದಿಸಿ. ಉಪ್ಪಿಗಿಂತ ಮೊದಲು ಸಿಹಿ ಹಿಡಿಯಲಿ ಅನ್ನುವುದು ಅಲ್ಲಿನ ಅನೇಕರ ರೂಢಿ. ಆಮೇಲೆ ಕಲಸಿದ ಮಸಾಲೆ, ಕ್ಯಾರೆಟ್, ಎಂಟು ನಿಮಿಷ ಬಿಟ್ಟು ಆಲೂಗಡ್ಡೆ. ಆಲೂಗಡ್ಡೆಯ ಚೂಪು ಅಂಚನ್ನು ಚಾಕುವಿನಿಂದ ಸವರಿ ಗುಂಡಗೆ ಮಾಡಿ, ಇಲ್ಲದಿದ್ದರೆ ಅಂಚು ಉದುರಿ ಸಾರು ಹಿಟ್ಟಾಗುತ್ತದೆ. ಮುಚ್ಚಳ ಅರ್ಧ ತೆರೆದೇ ಇರಲಿ. ದೊಡ್ಡದಾಗಿ ಹೆಚ್ಚಿದ ಈರುಳ್ಳಿ ಕೊನೆಯ ಹತ್ತು ನಿಮಿಷಕ್ಕೆ, ಈರುಳ್ಳಿ ಸೊಪ್ಪು ಇಳಿಸುವ ಮುಂಚೆ. ಸೌಟು ಎಳೆದಾಗ ತಳ ಒಂದು ಕ್ಷಣ ಕಂಡು ಮತ್ತೆ ಮುಚ್ಚಿಕೊಂಡರೆ ಹದ. ಒಟ್ಟು ಮುಕ್ಕಾಲು ಗಂಟೆ. ಸೊಪ್ಪಿನ ಜೊತೆ ನಾನು ಇನ್ನೊಂದು ಚಮಚ ಏನೋ ಬೆರೆಸುತ್ತೇನೆ, ಅದು ನನ್ನಲ್ಲೇ ಇರಲಿ.

ನಾಟಿ ಕೋಳಿಯಲ್ಲೂ ಮಾಡಿ ನೋಡಿದೆ. ಅದು ಬೇಯುವಷ್ಟರಲ್ಲಿ ಆಲೂಗಡ್ಡೆ ಕರಗಿಹೋಯಿತು. ಕೋಳಿಯನ್ನು ಮೊದಲು ಕುಕ್ಕರ್‌ನಲ್ಲಿ ನಾಲ್ಕು ಸೀಟಿ ಕೂಗಿಸಿ, ಆ ನೀರಿನಲ್ಲೇ ಮುಂದುವರಿಸಿದರೆ ಬ್ರಾಯ್ಲರ್‌ಗಿಂತ ಚೆನ್ನ. ಮುದ್ದೆಗೆ ಬೇಕಿದ್ದರೆ ಒಂದು ಲೋಟ ನೀರು ಹೆಚ್ಚಿಗೆ, ಸೋಯಾ ಒಂದು ಚಮಚ ಹೆಚ್ಚು. ಸಿಹಿಗೆಣಸಿನ ಶ್ಯಾವಿಗೆ, ಅಂದರೆ ದಾಂಗ್‌ಮ್ಯೊನ್ ಹಾಕುವವರು ಅರ್ಧ ಗಂಟೆ ನೆನೆಸಿಯೇ ಹಾಕಿ. ಒಣಗಿದ್ದನ್ನೇ ಹಾಕಿದರೆ ಇದ್ದ ಸಾರನ್ನೆಲ್ಲ ಕುಡಿದುಬಿಡುತ್ತದೆ.

ತಳದಲ್ಲಿ ಉಳಿದ ನಾಲ್ಕು ಸೌಟು ಗೊಜ್ಜಿಗೆ ತಣ್ಣನೆಯ ಅನ್ನ, ಮುರಿದ ಗಿಮ್ (ಒಣಗಿಸಿದ ಕಡಲ ಪಾಚಿ) ಹಾಳೆ, ಎಳ್ಳೆಣ್ಣೆ ಹಾಕಿ ಒತ್ತಿ ಹರಡಿ, ಸಣ್ಣ ಉರಿಯಲ್ಲಿ ಐದು ನಿಮಿಷ ಕೈ ಆಡಿಸದೆ ಬಿಡಿ. ಎಳ್ಳೆಣ್ಣೆ ಹುರಿದ ಎಳ್ಳಿನದಾಗಿರಬೇಕು, ನಮ್ಮ ಗಾಣದ ಎಣ್ಣೆಯಲ್ಲಿ ಆ ವಾಸನೆ ಬರುವುದಿಲ್ಲ.