ಲೋಕಲ್‌ನಲ್ಲಿ ನಿಂತವರ ಹೆಬ್ಬೆರಳಿಗೆ ಒಗ್ಗುವ ಆ್ಯಪ್

ಮುಂಬೈಯ ಮಾಟುಂಗಾ ಕಡೆಯ ಉಡುಪಿ ಹೋಟೆಲುಗಳಿಗೆ ನಾನು ಆರ್ಡರ್ ಆ್ಯಪ್ ಡಿಸೈನ್ ಮಾಡುತ್ತೇನೆ. ಈ ಕೆಲಸಕ್ಕೆ ಹೊಸದಾಗಿ ಬರುವವರಿಗೆ ನಾನು ಹೇಳುವುದು ಇಷ್ಟು: ಆಫೀಸಿನ ದೊಡ್ಡ ಮಾನಿಟರ್ ಬಿಟ್ಟು ಸಂಜೆ ದಾದರಿನಲ್ಲಿ ಡೊಂಬಿವಲಿ ಲೋಕಲ್ ರೈಲು ಹತ್ತಿ. ಒಂದು ಕೈ ಮೇಲಿನ ಹಿಡಿಯಲ್ಲಿ, ಇನ್ನೊಂದರಲ್ಲಿ ಫೋನ್. ಈಗ ನಿಮ್ಮದೇ ಆ್ಯಪ್‌ನಲ್ಲಿ ಊಟಕ್ಕೆ ಆರ್ಡರ್ ಹಾಕಿ ನೋಡಿ. ಮೇಲಿನ ಮೂಲೆಗೆ ಹೆಬ್ಬೆರಳು ಎಟಕೋದೇ ಇಲ್ಲ, ಅಲ್ವಾ?

ಹಾಗಾಗಿ 'ಆರ್ಡರ್ ಮಾಡಿ' ಬಟನ್ ಕೆಳಗಡೆ ಇರಲಿ, ದೊಡ್ಡದಾಗಿರಲಿ. ಗೂಗಲ್‌ನ ಡಿಸೈನ್ ಕೈಪಿಡಿ ಮಟೀರಿಯಲ್ ಡಿಸೈನ್ ಕಡಿಮೆಯೆಂದರೂ 48 ಡಿಪಿ (ಆಂಡ್ರಾಯ್ಡ್ ಪರದೆಯ ಅಳತೆ) ಇಡಿ ಅನ್ನುತ್ತದೆ, ಆ್ಯಪಲ್ 44 ಪಾಯಿಂಟ್ (ಐಫೋನ್ ಪರದೆಯ ಅಳತೆ). ಗುರಿ ಚಿಕ್ಕದಾದಷ್ಟೂ, ದೂರವಾದಷ್ಟೂ ಮುಟ್ಟೋಕೆ ಜಾಸ್ತಿ ಹೊತ್ತು ಬೇಕು ಅಂತ ಮನಶ್ಶಾಸ್ತ್ರಜ್ಞ ಪಾಲ್ ಫಿಟ್ಸ್ 1954ರಲ್ಲೇ ತೋರಿಸಿದ್ದರು. ಓಲಾಡುವ ರೈಲಿನಲ್ಲಿ ಅದು ಇನ್ನೂ ನಿಜ.

ಮುಂದಿನದು ನನಗೆ ತುಂಬಾ ಮುಖ್ಯವಾದ ವಿಷಯ, ಕನ್ನಡ ಅಕ್ಷರ. ಇಂಗ್ಲಿಷ್ ಮೆನುಗೆ ಅಳೆದ ಬಟನ್‌ನಲ್ಲಿ ಕನ್ನಡ ಹಾಕಿದರೆ ಕೆಳಗಿನ ಒತ್ತಕ್ಷರ ಕತ್ತರಿಸಿ ಹೋಗುತ್ತದೆ. ಇಡ್ಲಿ 'ಇಡಿ' ಆಗುತ್ತದೆ, ಉಪ್ಪಿಟ್ಟು 'ಉಪಿಟು' ಆಗುತ್ತದೆ. ಓದುವವರು ಒಂದು ಕ್ಷಣ ತಡವರಿಸುತ್ತಾರೆ, ಆಮೇಲೆ ಭಾಷೆ ಬದಲಿಸಿ ಇಂಗ್ಲಿಷಿಗೆ ಹೋಗಿಬಿಡುತ್ತಾರೆ. ಕನ್ನಡ ಯಾರೂ ಬಳಸಲ್ಲ ಅಂತ ಮಾಲೀಕರು ಅದನ್ನು ತೆಗೆದೇ ಹಾಕುತ್ತಾರೆ! ದಯವಿಟ್ಟು ಬಟನ್‌ಗೆ ಇಷ್ಟೇ ಎತ್ತರ ಅಂತ ಕಟ್ಟುಹಾಕಬೇಡಿ. ಸಾಲಿನ ಎತ್ತರ ಅಕ್ಷರದ ಗಾತ್ರದ ಒಂದೂವರೆ ಪಟ್ಟಿಗಿಂತ ಕಡಿಮೆ ಬೇಡ, ನಾನು 1.6 ಇಡುತ್ತೇನೆ. 'ಬಿಸಿಬೇಳೆಬಾತ್' ಒಂದೇ ಸಾಲಿನಲ್ಲಿ ಹಿಡಿಸದಿದ್ದರೆ ಎರಡನೇ ಸಾಲಿಗೆ ಇಳಿಯಲಿ, ಮೂರು ಚುಕ್ಕಿ ಹಾಕಿ ಮೊಟಕು ಮಾಡಬೇಡಿ.

ಬಣ್ಣದ ಬಗ್ಗೆ ಒಂದೇ ಮಾತು: ಅಕ್ಷರಕ್ಕೂ ಹಿನ್ನೆಲೆಗೂ 4.5:1 ಕಾಂಟ್ರಾಸ್ಟ್, ಅಂದರೆ ಹೊಳಪಿನ ಅಂತರ, ಇರಲೇಬೇಕು. ತಿಳಿ ಬೂದು ಅಕ್ಷರ ಪ್ಲಾಟ್‌ಫಾರ್ಮಿನ ಬಿಸಿಲಲ್ಲಿ ಕಾಣಲ್ಲ.

ದಾರಿಯಲ್ಲಿ ನೆಟ್‌ವರ್ಕ್ ಹೋದರೆ ಆರಿಸಿಟ್ಟ ತಿಂಡಿಗಳು ಹಾಗೇ ಉಳಿಯಬೇಕು. ಮತ್ತೆ ಮೊದಲಿಂದ ಆರಿಸು ಅಂದರೆ ಯಾರು ತಾನೇ ಆರಿಸುತ್ತಾರೆ?

ಕೊನೆಗೆ, ಗಿರಾಕಿಯನ್ನು ಹಿಡಿದಿಡೋಕೆ ಮೋಸದ ದಾರಿ ಹಿಡಿಯಬೇಡಿ. ಬಿಲ್ಲಿಗೆ ಸದ್ದಿಲ್ಲದೆ ದೇಣಿಗೆ ಸೇರಿಸೋದು, 'ಇನ್ನು ಎರಡೇ ಪ್ಲೇಟ್ ಇದೆ' ಅಂತ ಸುಮ್ನೆ ಅವಸರ ಹುಟ್ಟಿಸೋದು, ಇವೆಲ್ಲ ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ 2023ರಲ್ಲಿ ಪಟ್ಟಿ ಮಾಡಿದ, ಗಿರಾಕಿಯ ದಾರಿ ತಪ್ಪಿಸುವ 13 ಡಾರ್ಕ್ ಪ್ಯಾಟರ್ನ್‌ಗಳಲ್ಲಿ ಸೇರಿವೆ. ಮಾಲೀಕರು ಕೇಳಿದರೆ ಆ ಪಟ್ಟಿಯನ್ನೇ ಮುಂದಿಡಿ. ಟಿಪ್ಸ್ ಕೇಳುವುದಾದರೆ ಕೇಳಿ, ಆದರೆ ಟಿಕ್ ಹಾಕುವ ಕೆಲಸ ಗಿರಾಕಿಗೆ ಬಿಡಿ.