ಬಸ್ಸಿಗೆ ರಜೆ ಕೊಟ್ಟು ರೈಲು ಹತ್ತಿದೆವು: ಚಿಂಕ್ವೆ ತೆರ್ರೆಯಲ್ಲಿ ನಮ್ಮ ಹಿರಿಯರ ಗ್ರೂಪು

ಅರವತ್ತು ದಾಟಿದವರೇ ಹೆಚ್ಚಿರುವ ಗ್ರೂಪನ್ನು ಇಟಲಿಯ ಕಡಲತಡಿಯ ಐದು ಪುಟ್ಟ ಊರುಗಳಾದ ಚಿಂಕ್ವೆ ತೆರ್ರೆಗೆ ಪೂರ್ತಿ ರೈಲಿನಲ್ಲೇ ಕರೆದುಕೊಂಡು ಹೋಗಿ ರೈಲಿನಲ್ಲೇ ವಾಪಸ್ ತರುತ್ತೇನೆ ಅಂದಾಗ ನಮ್ಮ ಟೂರ್ ಆಫೀಸಿನಲ್ಲಿ ಒಬ್ಬರೂ ಒಪ್ಪಲಿಲ್ಲ. "ನಮ್ಮ ಜನ ಪ್ಯಾಸೆಂಜರ್ ಗಾಡಿ ಹತ್ತೋಕೆ ಇಟಲಿ ತನಕ ಬರ್ತಾರೇನ್ರೀ? ಕೋಚ್ ಬಸ್ ಇಲ್ಲದೆ ಒಬ್ಬರನ್ನ ಕಳಕೊಂಡ್ರೆ ಯಾರು ಉತ್ತರ ಕೊಡೋರು?" ಅಂತ ಹಿರಿಯ ಸಹೋದ್ಯೋಗಿಯೊಬ್ಬರು ಮೀಟಿಂಗಿನಲ್ಲೇ ಕೇಳಿದರು. ಈಗ ಎರಡು ಸೀಸನ್‌ನಿಂದ ನಮ್ಮ ಇಟಲಿ ಪ್ಯಾಕೇಜಿನಲ್ಲಿ ಎಲ್ಲಕ್ಕಿಂತ ಹೆಚ್ಚು ಮಾರಾಟವಾಗುತ್ತಿರುವ ಆಪ್ಷನಲ್, ಅಂದರೆ ಬೇಕಾದವರು ಬೇರೆ ದುಡ್ಡು ಕೊಟ್ಟು ಸೇರುವ ಟ್ರಿಪ್, ಇದೇ. ಕಳೆದ ಮೇ ತಿಂಗಳಲ್ಲಿ ಅದೇ ಸಹೋದ್ಯೋಗಿ ಫೋನ್ ಮಾಡಿ ಟೈಮಿಂಗ್ ಬರೆಸಿಕೊಂಡರು. ಉಳಿದ ಟೂರ್ ಮ್ಯಾನೇಜರುಗಳೂ ಕೇಳುತ್ತಲೇ ಇದ್ದಾರೆ, ಅದಕ್ಕೇ ಕೂತು ಬರೆದೆ.

ಐದು ಊರುಗಳ ಭೂಗೋಳ ನಿಮಗೆಲ್ಲ ಗೊತ್ತಿರುವುದೇ. ಬಂದರು ನಗರ ಲಾ ಸ್ಪೆಜಿಯಾ ಕಡೆಯಿಂದ ರಿಯೊಮಜ್ಜೋರೆ, ಮನರೋಲಾ, ಕೊರ್ನೀಲಿಯಾ, ವೆರ್ನಾಜ್ಜಾ, ಮೊಂತೆರೊಸ್ಸೊ. ಎಲ್ಲರೂ ಮಾಡುವ ಹಾಗೆ ಮೊದಲು ನಾವೂ ಗ್ರೂಪು ತಂಗುವ ಟಸ್ಕನಿಯ ಊರು ಮೊಂತೆಕತೀನಿಯ ಹೋಟೆಲಿನಿಂದ ಕೋಚಿನಲ್ಲಿ ಸ್ಪೆಜಿಯಾಕ್ಕೆ ಬಂದು, ಹತ್ತು ಗಂಟೆ ಹೊತ್ತಿಗೆ ಅಲ್ಲಿಂದ ರೈಲು ಹಿಡಿದು, ಮೊದಲ ಊರು ರಿಯೊಮಜ್ಜೋರೆಯಲ್ಲಿ ಇಳಿಯುತ್ತಿದ್ದೆವು. ಸ್ಪೆಜಿಯಾ ಬಂದರಿಗೆ ಕ್ರೂಸ್ ಹಡಗು ಬಂದ ದಿನ ಅದೇ ಹತ್ತು ಗಂಟೆಗೆ ಅಷ್ಟೂ ಜನ ಅದೇ ಪ್ಲಾಟ್‌ಫಾರಂ ಮೇಲೆ. ಗಾಡಿ ಬಂತು, ಬಾಗಿಲು ತೆರೆಯಿತು, ನಮ್ಮವರಲ್ಲಿ ಅರ್ಧ ಜನ ಒಳಗೆ, ಅರ್ಧ ಜನ ಹೊರಗೆ. ಗಂಡ ಹತ್ತಿ ಹೆಂಡತಿ ಉಳಿದರೆ ಒಳಗಿದ್ದವರು ಕಿಟಕಿ ಬಡಿಯುತ್ತಾರೆ, ಹೊರಗಿದ್ದವರು ಗಾಡಿ ಜೊತೆ ಓಡುತ್ತಾರೆ. ಒಂದು ಬ್ಯಾಚಿನಲ್ಲಿ ಎಲ್ಲರನ್ನೂ ಒಟ್ಟು ಮಾಡುವಷ್ಟರಲ್ಲಿ ಊಟದ ಹೊತ್ತಾಗಿತ್ತು. ಇಬ್ಬರು ಪೂರ್ತಿ ದುಡ್ಡು ವಾಪಸ್ ಕೇಳಿದರು, ಕೊಟ್ಟೆವು. ಇನ್ನೊಂದು ಸಲ ಸಂಜೆ ಐದೂವರೆಗೆ ವೆರ್ನಾಜ್ಜಾದಲ್ಲಿ ಗಾಡಿ ಮೇಲೆ ಗಾಡಿ ತುಂಬಿ ಬಂದು, ಕೋಚ್ ಡ್ರೈವರ್‌ನ ಡ್ಯೂಟಿ ಅವಧಿ ಮುಗಿಯಲು ಮುಕ್ಕಾಲು ಗಂಟೆ ಇರುವಾಗ ಸ್ಪೆಜಿಯಾ ಸೇರಿದೆವು. ಅವನು ಅಲ್ಲೇ ನಿಲ್ಲಿಸಿಬಿಟ್ಟಿದ್ದರೆ ಅವತ್ತು ರಾತ್ರಿ ಟ್ಯಾಕ್ಸಿಗಳಿಗೇ ಸಾವಿರ ಯೂರೋ ಹತ್ತಿರ ಹೋಗುತ್ತಿತ್ತು.

ದಾರಿ ಹೊಳೆದಿದ್ದು ಈ ಡ್ರೈವರ್ ಲೆಕ್ಕದಿಂದಲೇ. ವಾರದ ರೆಸ್ಟ್ ಕೊಡಲೇಬೇಕಾದ ದಿನ ಒಂದಂತೂ ಇಟಿನರಿಯಲ್ಲಿ ಬಂದೇ ಬರುತ್ತದೆ. ಆ ದಿನಕ್ಕೆ ನಾವೆಲ್ಲ ಏನು ಮಾಡುತ್ತಿದ್ದೆವು? ಮುನ್ನೂರೈವತ್ತು, ನಾನೂರು ಯೂರೋ ಕೊಟ್ಟು ರಿಲೀಫ್ ಡ್ರೈವರ್ ಕರೆಸುವುದು, ಇಲ್ಲವೇ 'ಶಾಪಿಂಗ್‌ಗೆ ಬಿಡುವು' ಅಂತ ಬರೆದು ಗ್ರೂಪನ್ನು ಹೋಟೆಲಿನಲ್ಲೇ ಕೂರಿಸುವುದು. ನಾನು ಚಿಂಕ್ವೆ ತೆರ್ರೆಯನ್ನು ಎತ್ತಿ ಆ ದಿನಕ್ಕೇ ಇಟ್ಟೆ. ಮೊಂತೆಕತೀನಿಯಲ್ಲೇ ಸ್ಟೇಷನ್ ಇದೆ. ಲುಕ್ಕಾ ಮೇಲೆ ವಿಯರೆಜ್ಜೊ, ಅಲ್ಲಿ ಗಾಡಿ ಬದಲಿಸಿದರೆ ಸ್ಪೆಜಿಯಾ. ಕಾಯುವುದೂ ಸೇರಿ ಹೆಚ್ಚುಕಡಿಮೆ ಎರಡು ಗಂಟೆ. ರೀಜನಲ್ ಟಿಕೆಟ್ ಒಂದು ಕಡೆಗೆ ಹತ್ತು ಯೂರೋ ಆಸುಪಾಸು.

ಎರಡನೆಯ ಬದಲಾವಣೆ ಗಡಿಯಾರದ್ದು. ನಮ್ಮ ಹಿರಿಯರು ಯುರೋಪಿನಲ್ಲೂ ಬೆಳಗ್ಗೆ ಐದಕ್ಕೇ ಎದ್ದು, ಸ್ನಾನ ಮುಗಿಸಿ, ಕುಂಕುಮ ಇಟ್ಟುಕೊಂಡು ಲಾಬಿಯಲ್ಲಿ ಕೂತಿರುತ್ತಾರೆ. ಹೋಟೆಲಿನ ತಿಂಡಿ ಏಳಕ್ಕೆ ಶುರು. ಆ ಎರಡು ಗಂಟೆ ಇಷ್ಟು ವರ್ಷ ನಾವೆಲ್ಲ ವ್ಯರ್ಥ ಮಾಡಿದ್ದೇವೆ. ಈಗ ಹಿಂದಿನ ರಾತ್ರಿಯೇ ಬ್ರೇಕ್‌ಫಾಸ್ಟ್ ಬಾಕ್ಸ್ ಹೇಳಿಟ್ಟು, ನನ್ನ ಡಿಕಾಕ್ಷನ್ನಿನಲ್ಲಿ ಎರಡು ಫ್ಲಾಸ್ಕ್ ಕಾಫಿ ಮಾಡಿಕೊಂಡು, ಆರೂವರೆಯ ಆಚೀಚಿನ ಗಾಡಿ ಹಿಡಿಯುತ್ತೇನೆ. ಒಂಬತ್ತರ ಸುಮಾರಿಗೆ, ಹಡಗಿನವರು ಇನ್ನೂ ಬಂದರಿನಲ್ಲಿ ಸಾಲು ನಿಂತಿರುವಾಗ, ನಾವು ಮೊಂತೆರೊಸ್ಸೊದಲ್ಲಿ ಸಮುದ್ರದ ಮುಂದೆ ಕಾಫಿ ಕುಡಿಯುತ್ತಿರುತ್ತೇವೆ. ಯಾವ ಗಾಡಿ ಅನ್ನುವುದು ಸೀಸನ್ನಿಗೊಮ್ಮೆ ಬದಲಾಗುತ್ತದೆ, ಟೈಂಟೇಬಲ್ ನೀವೇ ನೋಡಿಕೊಳ್ಳಿ.

ಮೂರನೆಯದು ದಿಕ್ಕು. ಸ್ಪೆಜಿಯಾದಿಂದ ಹೊರಟು ಯಾವ ಊರಿನಲ್ಲೂ ಇಳಿಯದೆ ನೇರ ಕೊನೆಯ ಮೊಂತೆರೊಸ್ಸೊಗೆ ಹೋಗಿ, ಅಲ್ಲಿಂದ ಹಿಂದಕ್ಕೆ ಬರುವುದು. ಐದರಲ್ಲಿ ಮಟ್ಟಸ ನೆಲ ಇರುವ ಊರು ಅದೊಂದೇ. ಮಂಡಿ ನೋವಿನವರಿಗೆ ಮೊದಲ ಗಂಟೆ ಸುಲಭವಾಗಿ ಕಳೆದರೆ ಇಡೀ ದಿನ ಉತ್ಸಾಹ ಇಳಿಯುವುದಿಲ್ಲ. ಫೆಜೀನಾ ಕಡೆಯ ಮರಳು, 1910ರಲ್ಲಿ ಕಟ್ಟಿದ ಆ ಮುರಿದ ನೆಪ್ಚೂನ್ ಪ್ರತಿಮೆ, ಸುರಂಗ ದಾಟಿದರೆ ಹಳೆಯ ಊರು. ನೊಬೆಲ್ ಪಡೆದ ಕವಿ ಮೊಂತಾಲೆ ಬಾಲ್ಯದ ಬೇಸಿಗೆಗಳನ್ನು ಕಳೆದ ಊರು ಇದು ಅಂತ ಗೈಡ್ ಹೇಳಿದಾಗ ರಿಟೈರ್ಡ್ ಮೇಷ್ಟ್ರುಗಳು ನೋಟ್‌ಬುಕ್ ತೆಗೆಯುತ್ತಾರೆ. ವಿವರಣೆ ಕೊಡುವ ಹಕ್ಕು ಲೈಸೆನ್ಸ್ ಇರುವ ಲೋಕಲ್ ಗೈಡ್‌ಗೇ, ಅದರಲ್ಲಿ ಕೈ ಹಾಕಬೇಡಿ. ಆಕೆ ಇಂಗ್ಲಿಷಿನಲ್ಲಿ ಹೇಳಿದ್ದನ್ನು ನಾನು ವಿಸ್ಪರ್ ಸೆಟ್ಟಿನಲ್ಲಿ (ಮಾತನ್ನು ಎಲ್ಲರ ಕಿವಿಗೆ ತಲುಪಿಸುವ ಮೈಕ್, ಇಯರ್‌ಫೋನ್) ಕನ್ನಡಕ್ಕೆ ತರುತ್ತೇನೆ. ನಮ್ಮ ಗೈಡ್ ದ್ರಾಕ್ಷಿ ಬೆಳೆಯುವ ಮನೆತನದವಳು. ಗಾರೆ ಇಲ್ಲದೆ ಕಲ್ಲಿನ ಮೇಲೆ ಕಲ್ಲು ಪೇರಿಸಿದ, ಗುಡ್ಡದ ಮೆಟ್ಟಿಲು ತೋಟಗಳನ್ನು ಹಿಡಿದಿಡುವ ಆ ಗೋಡೆಗಳನ್ನು ತೋರಿಸಿ, ಒಂದು ಕಡೆ ಪಾಳು ಬಿಟ್ಟರೆ ಮಳೆಗಾಲದಲ್ಲಿ ಇಡೀ ಗುಡ್ಡ ಹೇಗೆ ಜಾರುತ್ತದೆ ಅಂತ ಕೈಯಲ್ಲೇ ಮಾಡಿ ತೋರಿಸುತ್ತಾಳೆ. 2011ರ ಅಕ್ಟೋಬರ್‌ನಲ್ಲಿ ವೆರ್ನಾಜ್ಜಾ, ಮೊಂತೆರೊಸ್ಸೊ ಎರಡೂ ಕೆಸರಿನಲ್ಲಿ ಹೂತುಹೋದದ್ದನ್ನು ಹೇಳುವಾಗ ಮಡಿಕೇರಿ ಕಡೆಯ ಪ್ರವಾಸಿಗರು ಇದ್ದರೆ ಪ್ರಶ್ನೆ ಮುಗಿಯುವುದೇ ಇಲ್ಲ. 2018ರಲ್ಲಿ ಕೊಡಗಿನ ಗುಡ್ಡ ಜಾರಿದ್ದನ್ನು ಕಣ್ಣಾರೆ ಕಂಡವರು ಅವರು. ಅವಳ ನಂಬರ್ ಮಾತ್ರ ಕೇಳಬೇಡಿ. ಅವಳನ್ನು ಹುಡುಕಲು ನನಗೆ ಒಂದು ಸೀಸನ್ ಹಿಡಿಯಿತು.

ನಾವು ಇಳಿಯುವುದು ಮೊಂತೆರೊಸ್ಸೊ, ವೆರ್ನಾಜ್ಜಾ, ಮನರೋಲಾ ಮೂರರಲ್ಲೇ. ಐದು ಊರು ಅಂತ ಮಾರಿ ಮೂರರಲ್ಲಿ ಇಳಿಸುವುದು ಮೋಸ ಅಂತ ಆಫೀಸಿನ ಇನ್ನೊಂದು ತಕರಾರಿತ್ತು. ಬ್ರೋಷರಿನಲ್ಲೇ 'ಮೂರು ಊರಲ್ಲಿ ಇಳಿಯುತ್ತೇವೆ' ಅಂತ ದಪ್ಪಕ್ಷರದಲ್ಲಿ ಹಾಕಿಸಿದೆ. ಒಂದು ಬುಕಿಂಗೂ ಕಡಿಮೆಯಾಗಲಿಲ್ಲ. ಐದೂ ಊರಿನಲ್ಲಿ ಇಳಿಸಿದ ಬ್ಯಾಚುಗಳಲ್ಲಿ ಸಂಜೆಗೆ ಯಾರಿಗೂ ಯಾವ ಊರೂ ನೆನಪಿರುತ್ತಿರಲಿಲ್ಲ, ಇಳಿ, ಎಣಿಸು, ಹತ್ತು, ಎಣಿಸು, ಇಷ್ಟೇ. ಕೊರ್ನೀಲಿಯಾ ಸಮುದ್ರದಿಂದ ನೂರು ಮೀಟರ್ ಮೇಲೆ ಕೂತಿದೆ, ಸ್ಟೇಷನ್ನಿನಿಂದ ಮೆಟ್ಟಿಲು 382. ಶಟಲ್ ಬಸ್ ಉಂಟು, ಆದರೆ ಪುಟ್ಟದು. ಇಪ್ಪತ್ತಾರು ಜನ ಮೂರು ಸರದಿಯಲ್ಲಿ ಹೋಗಿ ಬರುವಷ್ಟರಲ್ಲಿ ಒಂದೂವರೆ ಗಂಟೆ ಮಣ್ಣುಪಾಲು. ಮನರೋಲಾದ ಪುಂತಾ ಬೊನ್ಫೀಲಿಯೊ ದಿಬ್ಬದಿಂದ ಅದೇ ಕೊರ್ನೀಲಿಯಾ ಬಂಡೆಯ ನೆತ್ತಿಯ ಮೇಲೆ ಸ್ಪಷ್ಟ ಕಾಣುತ್ತದೆ, ಫೋಟೊ ಅಲ್ಲಿಂದಲೇ ಚೆನ್ನಾಗಿ ಬರುವುದು.

ಈಗ ಬಾಗಿಲ ವಿಷಯ. ಅರ್ಧ ತೊಂದರೆ ಇರುವುದೇ ಇಲ್ಲಿ. ವೆರ್ನಾಜ್ಜಾ ಸ್ಟೇಷನ್ ಎರಡು ಸುರಂಗಗಳ ನಡುವಿನ ತುಂಡು ಬಯಲು. ಗಾಡಿ ಅದಕ್ಕಿಂತ ಉದ್ದ, ಹಾಗಾಗಿ ಕೆಲವು ಬೋಗಿಗಳು ಸುರಂಗದೊಳಗೇ ನಿಲ್ಲುತ್ತವೆ. ಹೊರಗೆ ಕತ್ತಲು, ಒದ್ದೆ ಗೋಡೆ. ನಮ್ಮವರು 'ಇನ್ನೂ ಸ್ಟೇಷನ್ ಬಂದಿಲ್ಲ' ಅಂತ ಹಾಗೇ ನಿಲ್ಲುತ್ತಾರೆ. ಜೊತೆಗೆ ಬಾಗಿಲು ತಾನಾಗಿ ತೆರೆಯುವುದಿಲ್ಲ, ಹಸಿರು ದೀಪ ಹತ್ತಿದ ಗುಂಡಿ ಒತ್ತಬೇಕು. ಒತ್ತದೆ ಕಾದು ಇಡೀ ಬೋಗಿಯೇ ಮುಂದಿನ ಊರಿಗೆ ಹೋದದ್ದುಂಟು. ಅದಕ್ಕೆ ಹಿಂದಿನ ದಿನ ಹೋಟೆಲಿನಲ್ಲಿ ಹತ್ತು ನಿಮಿಷ ತಾಲೀಮು. ನನ್ನ ಮೊಬೈಲಿನಲ್ಲಿ ಆ ಗುಂಡಿಯ ವಿಡಿಯೊ ಇದೆ, ಎಲ್ಲರಿಗೂ ತೋರಿಸಿ, ಪ್ರತಿ ಆರು ಜನಕ್ಕೆ ಒಬ್ಬರನ್ನು 'ಗುಂಡಿ ಜವಾಬ್ದಾರಿ' ಅಂತ ನೇಮಿಸುತ್ತೇನೆ. ರಿಟೈರ್ಡ್ ಬ್ಯಾಂಕ್ ಮ್ಯಾನೇಜರ್, ಹೆಡ್‌ಮಿಸ್ ಇಂಥವರಿಗೆ ಕೊಟ್ಟರೆ ಕೆಲಸ ಕಟ್ಟುನಿಟ್ಟು. ಗುಂಪು ಗುಂಪಾಗಿ ಬೇರೆ ಬೇರೆ ಬಾಗಿಲಲ್ಲಿ ಹತ್ತುತ್ತಾರೆ, ಹೆಡ್ ಕೌಂಟ್ ಅವರದ್ದೇ. ನಾನು ಎಣಿಸುವುದು ಮುಖ್ಯಸ್ಥರನ್ನು ಮಾತ್ರ.

ನಿಯಮ ಎರಡೇ. ಗಾಡಿ ತಪ್ಪಿದರೆ ಅಲ್ಲೇ ನಿಲ್ಲಿ, ಮುಂದಿನದು ಹತ್ತಿ ಬನ್ನಿ. ಊರು ತಪ್ಪಿದರೆ ಮುಂದಿನ ಊರಿನಲ್ಲಿ ಇಳಿದು ಪ್ಲಾಟ್‌ಫಾರಂ ಬಿಟ್ಟು ಕದಲಬೇಡಿ. ಸೀಸನ್ನಿನಲ್ಲಿ ಚಿಂಕ್ವೆ ತೆರ್ರೆ ಎಕ್ಸ್‌ಪ್ರೆಸ್ ಕಾಲು ಗಂಟೆ, ಇಪ್ಪತ್ತು ನಿಮಿಷಕ್ಕೊಂದು ಇರುವಾಗ, ಒಂದೇ ಹಳಿಯ ಮೇಲಿನ ಐದು ಊರಿನಲ್ಲಿ ಯಾರೂ ಕಳೆದುಹೋಗಲು ಸಾಧ್ಯವಿಲ್ಲ. ಇದನ್ನು ಅವರಿಗೆ ನಂಬಿಸಿದ ದಿನದಿಂದ ಕಿಟಕಿ ಬಡಿಯುವುದು ನಿಂತಿದೆ. ವೆರ್ನಾಜ್ಜಾದಲ್ಲಿ ಬಯಲಿಗೇ ಬಂದು ನಿಲ್ಲುವ ಬಾಗಿಲು ಯಾವುದು, ಅದಕ್ಕೆ ಮೊಂತೆರೊಸ್ಸೊ ಪ್ಲಾಟ್‌ಫಾರಂ ಮೇಲೆ ಎಲ್ಲಿ ನಿಲ್ಲಬೇಕು ಅನ್ನುವುದು ನನ್ನ ಹತ್ತಿರವೇ ಇರಲಿ.

ದುಡ್ಡಿನ ಲೆಕ್ಕ, ನೆನಪಿನಿಂದ. ಐದೂ ಊರುಗಳ ನಡುವೆ ದಿನವಿಡೀ ಓಡಾಡುವ ರೈಲು ಕಾರ್ಡ್ ದರ ಈಗ ದಿನ ನೋಡಿ ಏರಿಳಿಯುತ್ತದೆ, ಸಪ್ಪೆ ದಿನ ಇಪ್ಪತ್ತರ ಒಳಗೆ, ಗಿಜಿಗುಡುವ ದಿನ ಮೂವತ್ತರ ಮೇಲೆ. ನಮ್ಮದು ನಾಲ್ಕು ಓಟ. ಬಿಡಿ ಟಿಕೆಟ್ ಒಂದಕ್ಕೆ ಐದರಿಂದ ಹತ್ತು ಯೂರೋ, ಹಾಗಾಗಿ ಬಹುತೇಕ ಸಮವೇ. ಆದರೂ ಕಾರ್ಡೇ ತೆಗೆಯುತ್ತೇನೆ, ಏಕೆಂದರೆ ಸ್ಟೇಷನ್ ಟಾಯ್ಲೆಟ್ ಅದರಲ್ಲೇ ಸೇರಿದೆ. ಹಿರಿಯರ ಗ್ರೂಪಿನಲ್ಲಿ ಇದು ಸಣ್ಣ ಬಾಬತ್ತಲ್ಲ. ಎಪ್ಪತ್ತು ದಾಟಿದವರಿಗೆ ರಿಯಾಯಿತಿ ಇದೆ, ಪಾಸ್‌ಪೋರ್ಟ್ ಕಾಪಿ ಜೊತೆಗಿರಲಿ. ತಲೆಗೆ ಮೊಂತೆಕತೀನಿಯಿಂದ ಸ್ಪೆಜಿಯಾಕ್ಕೆ ಹೋಗಿ ಬರುವ ರೈಲು ಇಪ್ಪತ್ತು, ಕಾರ್ಡ್ ಇಪ್ಪತ್ತೈದು ಅಂತ ಹಿಡಿಯಿರಿ, ಗೈಡ್ ಹನ್ನೆರಡು, ಊಟ ಹದಿನೈದು. ಎಪ್ಪತ್ತೆರಡರ ಸುಮಾರು. ನಾವು ಮಾರುವುದು ತೊಂಬತ್ತೈದಕ್ಕೆ. ಹಿಂದೆ ಕೋಚಿನಲ್ಲಿ ಹೋದಾಗ ರಿಲೀಫ್ ಡ್ರೈವರ್, ಟೋಲ್, ಡೀಸೆಲ್, ಪಾರ್ಕಿಂಗ್ ಸೇರಿ ಇಷ್ಟೇ ಖರ್ಚಾಗಿ, ರೀಫಂಡ್ ಕೊಟ್ಟ ಬ್ಯಾಚಿನಲ್ಲಿ ಕೈಯಿಂದ ಹೋಗುತ್ತಿತ್ತು.

ಊಟದಲ್ಲಿ ಒದ್ದಾಡಿದ್ದು ಹೆಚ್ಚು. ಈ ಲಿಗುರಿಯಾ ಪ್ರಾಂತ್ಯ ಅಂದರೆ ಪೆಸ್ಟೊ (ಬೇಸಿಲ್ ಎಲೆಯ ಚಟ್ನಿ) ಅಂತ ಪಾಸ್ತಾ ಹೇಳಿಸಿದರೆ ಬೆಳ್ಳುಳ್ಳಿ ತಿನ್ನದವರು ಎದ್ದರು. ಬೆಳ್ಳುಳ್ಳಿ ತೆಗೆಸಿದರೆ ಪಾರ್ಮಿಜಾನೊ ಚೀಸ್. ಅದನ್ನು ಹೆಪ್ಪು ಹಾಕುವುದು ಕರುವಿನ ಹೊಟ್ಟೆಯ ರೆನೆಟ್‌ನಿಂದ ಅಂತ ಗೊತ್ತಿದ್ದೂ ಬಡಿಸಲು ನನ್ನ ಮನಸ್ಸು ಒಪ್ಪುವುದಿಲ್ಲ. ಕೊನೆಗೆ ಸಿಕ್ಕಿದ್ದು ಫರಿನಾತಾ. ಕಡಲೆಹಿಟ್ಟು, ನೀರು, ಉಪ್ಪು, ಆಲಿವ್ ಎಣ್ಣೆ, ಇಷ್ಟೇ. ಅಗಲವಾದ ತಾಮ್ರದ ತಟ್ಟೆಗೆ ತೆಳುವಾಗಿ ಸುರಿದು, ಸೌದೆ ಒಲೆಯೊಳಗೆ ತಳ್ಳಿ, ಅಂಚು ಗರಿಗರಿಯಾದ ಮೇಲೆ ಎಳೆದು, ಕಾಳುಮೆಣಸಿನ ಪುಡಿ ಉದುರಿಸಿ ಕತ್ತರಿಸಿ ಕೊಡುತ್ತಾರೆ. ನಮ್ಮ ಕಡಲೆಹಿಟ್ಟಿನ ದೋಸೆಯನ್ನೇ ಒಲೆಯೊಳಗೆ ಬೇಯಿಸಿದ ಹಾಗೆ. ಧಾರವಾಡದ ಅಮ್ಮನೊಬ್ಬರು ಎರಡನೇ ತುಂಡು ಕೇಳಿ, ಪರ್ಸಿನಿಂದ ಶೇಂಗಾ ಚಟ್ನಿಪುಡಿ ತೆಗೆದು ಹಚ್ಚಿಕೊಂಡು, "ತಮ್ಮಾ, ಇದನ್ನ ದಿನಾ ಕೊಡಲ್ಲ ಯಾಕ?" ಅಂದರು. ಈಗ ಅದರ ಜೊತೆಗೆ ಟೊಮೇಟೊ ಹಾಕಿದ ಫೊಕಾಚ್ಚಾ ಬ್ರೆಡ್ ಮತ್ತು ಹಣ್ಣು. ಅಂಗಡಿಯವನು ಇಷ್ಟು ಜನರಿಗೆ ಹಿಂದಿನ ದಿನವೇ ಹೇಳಿದರೆ ಮಾತ್ರ ಮಾಡಿಕೊಡುತ್ತಾನೆ.

ನಡುವೆ ದೋಣಿಯನ್ನೂ ಪ್ರಯತ್ನಿಸಿದೆ. ರೈಲಿನಲ್ಲಿ ಹೆಚ್ಚು ಹೊತ್ತು ಸುರಂಗ, ಸಮುದ್ರ ಮಿಂಚಿ ಮರೆಯಾಗುತ್ತದೆ, ದೋಣಿಯಲ್ಲಾದರೆ ಊರುಗಳನ್ನು ಮುಂದಿನಿಂದ ನೋಡಬಹುದು ಅಂತ. ನೋಟವೇನೋ ಅದ್ಭುತ. ಆದರೆ ಇಳಿಯುವ ಹಲಗೆ ಅಲೆಗೆ ಏಳುತ್ತದೆ, ಬೀಳುತ್ತದೆ, ಸೀರೆ ಉಟ್ಟವರನ್ನು ಇಬ್ಬರು ಹಿಡಿದು ಇಳಿಸಬೇಕು. ಗಾಳಿ ಜೋರಾದರೆ ದೋಣಿಯೇ ಇಲ್ಲ. ಗ್ರೂಪಿಗೆ ಬೇಡ. ವಿಸ್ಪರ್ ಸೆಟ್ ಬಾಡಿಗೆ ಉಳಿಸಲು ವಾಟ್ಸಾಪ್ ಗ್ರೂಪ್ ಕಾಲ್ ಮಾಡಿ ನೋಡಿದ್ದೂ ಸುರಂಗದಲ್ಲಿ ಸಿಗ್ನಲ್ ಸತ್ತು ಕೆಟ್ಟಿತು.

ಮುಷ್ಕರದ ಭಯ ಎಲ್ಲರಿಗೂ ಇದೆ. ಒಂದು ಶುಕ್ರವಾರ ಶೋಪೆರೊ ಘೋಷಣೆಯಾಗಿ ಆಫೀಸಿನಿಂದ ಕ್ಯಾನ್ಸಲ್ ಮಾಡಿ ಅಂತ ಫೋನ್ ಬಂತು. ಕೆಲಸದ ದಿನಗಳಲ್ಲಿ ಬೆಳಗ್ಗೆ 6ರಿಂದ 9, ಸಂಜೆ 6ರಿಂದ 9 ಕನಿಷ್ಠ ಗಾಡಿಗಳನ್ನು ಓಡಿಸಲೇಬೇಕೆಂಬ ನಿಯಮವಿದೆ. ನಮ್ಮ ಬೆಳಗಿನ ಓಟ ಹೇಗೂ ಆ ಅವಧಿಯಲ್ಲೇ ಮುಗಿಯುತ್ತದೆ. ಅವತ್ತು ಮೊಂತೆರೊಸ್ಸೊದಲ್ಲೇ ದಿನವಿಡೀ ಉಳಿದು, ಮರಳಿನ ಮೇಲೆ ಅಂತ್ಯಾಕ್ಷರಿ ಆಡಿ, ಸಂಜೆ ಆರರ ನಂತರ ಹೊರಟು ಹತ್ತರೊಳಗೆ ಹೋಟೆಲ್ ಸೇರಿದೆವು. ಆ ಬ್ಯಾಚಿನವರ ಫೀಡ್‌ಬ್ಯಾಕ್ ಎಲ್ಲಕ್ಕಿಂತ ಚೆನ್ನಾಗಿತ್ತು. ಮಾಮೂಲಿ ದಿನ ಮಾತ್ರ ಮನರೋಲಾದಿಂದ ಮೂರೂವರೆಗೇ ಹೊರಟುಬಿಡಿ, ನಾಲ್ಕೂವರೆ ದಾಟಿದರೆ ಕಾಲಿಡಲು ಜಾಗವಿಲ್ಲ. ಬೀದಿಯಲ್ಲಿ ನಿಲ್ಲಿಸಿದ ದೋಣಿಗಳ ನಡುವೆ ಇನ್ನೂ ಫೋಟೊ ತೆಗೆಯುತ್ತೇವೆ ಅನ್ನುವವರನ್ನು ಎಬ್ಬಿಸುವುದೇ ದಿನದ ಕಷ್ಟದ ಕೆಲಸ.

ಮುಂದಿನ ಪ್ರಯೋಗ ರಿಯೊಮಜ್ಜೋರೆ, ಮನರೋಲಾ ನಡುವಿನ ಕಾಲುದಾರಿ ವಿಯಾ ದೆಲ್ಲಾಮೋರೆ. 2012ರಲ್ಲಿ ಬಂಡೆ ಕುಸಿದು ಮುಚ್ಚಿದ ಆ ದಾರಿ 2024ರಲ್ಲಿ ತೆರೆದಿದೆ. ಒಂದು ಕಿಲೋಮೀಟರಿಗೂ ಕಡಿಮೆ, ಏರಿಳಿತ ಇಲ್ಲವೆಂದರೂ ಸರಿ. ಸ್ಲಾಟ್ ಮೊದಲೇ ಬುಕ್ ಮಾಡಬೇಕು, ಕಾರ್ಡಿನ ಮೇಲೆ ಸುಮಾರು ಹತ್ತು ಯೂರೋ. ಪ್ರವೇಶ ರಿಯೊಮಜ್ಜೋರೆ ಕಡೆಯಿಂದ, ನಡಿಗೆ ಮನರೋಲಾ ಕಡೆಗೆ. ವೆರ್ನಾಜ್ಜಾದಿಂದ ಮನರೋಲಾದಲ್ಲಿ ಇಳಿಯದೆ ಒಂದು ಸ್ಟೇಷನ್ ಮುಂದೆ ಹೋಗಿ, ನಡೆದು ಹಿಂದಕ್ಕೆ ಬಂದರೆ ನನ್ನ ಸರಣಿಗೆ ಸರಿಯಾಗಿ ಕೂರುತ್ತದೆ. ಗಟ್ಟಿ ಕಾಲಿನ ಏಳೆಂಟು ಜನರೊಂದಿಗೆ ನೋಡಿದೆ, ಫೋಟೊ ಸೇರಿ ಮುಕ್ಕಾಲು ಗಂಟೆ ಆಯಿತು. ಇಡೀ ಗ್ರೂಪಿಗೆ ಹಾಕಿದರೆ ಊಟ ಅರ್ಧ ಗಂಟೆ ಮುಂಚೆ ಆಗಬೇಕು, ಹನ್ನೊಂದೂವರೆಗೇ ಫರಿನಾತಾ ಒಲೆಯಿಂದ ತೆಗೆಯಲು ಅಂಗಡಿಯವನು ಒಪ್ಪಬೇಕು. ಮಾತುಕತೆ ನಡೆಯುತ್ತಿದೆ.