ಮಾತು ಬಿಟ್ಟ ಮೇಲೆ ಕೈ ಕಲಿತದ್ದು

ವಿರಾಜಪೇಟೆಯ ಹವ್ಯಾಸಿ ರಂಗಭೂಮಿಯಲ್ಲಿ 22 ವರ್ಷ ನಟಿಸಿದ ನಾನು, ಕಳೆದ ವರ್ಷ ಯುವ ನಿರ್ದೇಶಕರೊಬ್ಬರ 12 ನಿಮಿಷಗಳ ಮೂಕಿ ಚಿತ್ರದಲ್ಲಿ ಸೇನೆಯಲ್ಲಿರುವ ಮಗನ ಪತ್ರ ಓದುವ ಮುದುಕನ ಪಾತ್ರ ವಹಿಸಿದೆ. ಸಂಭಾಷಣೆಯ ಬಲದಿಂದ ಸಭೆಯನ್ನು ಹಿಡಿದಿಡುವುದೇ ನನ್ನ ರೂಢಿಯಾಗಿದ್ದರಿಂದ, ಅದನ್ನು ಬಿಟ್ಟು ನಿಲ್ಲುವುದನ್ನು ಕಲಿಯಲು ಎರಡು ತಿಂಗಳು ಬೇಕಾದವು.

ಈ ದಾರಿಯಲ್ಲಿ ನಮಗಿಂತ ಮೊದಲು ನಡೆದವರಿದ್ದಾರೆ. 1913ರ ಮೂಕಿ ಚಿತ್ರ ‘ರಾಜಾ ಹರಿಶ್ಚಂದ್ರ’ದ ನಾಯಕ ಡಿ.ಡಿ. ದಾಬ್ಕೆ ಮರಾಠಿ ರಂಗಭೂಮಿಯಿಂದ ಬಂದವರು. ವೈ.ವಿ. ರಾವ್ ನಾಟಕದಿಂದ ಮೂಕಿಗೆ ಹೋಗಿ, ಅಲ್ಲಿ ಪಳಗಿ, 1934ರಲ್ಲಿ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ವನ್ನು ನಿರ್ದೇಶಿಸಿದರು. ಕಂದಪದ್ಯ ಮುಗಿಯುತ್ತಲೇ ‘ಒನ್ಸ್ ಮೋರ್’ ಎನ್ನುವ ಸಭೆಯನ್ನು ಬಿಟ್ಟು, ಕೈಯಿಂದ ತಿರುಗಿಸುವ ಕ್ಯಾಮೆರಾದ ಎದುರು ಅಂದಿನ ನಟರು ನಿಂತದ್ದು ಎಂಥ ಧೈರ್ಯವೆಂದು ಚಿತ್ರೀಕರಣದ ಮೊದಲ ದಿನವೇ ನನಗೆ ಅರಿವಾಯಿತು.

ಪೊನ್ನಂಪೇಟೆಯ ಬಳಿಯ ತೋಟದ ಮನೆಯೊಂದರ ಜಗಲಿಯಲ್ಲಿ ಕುಳಿತು, ಪತ್ರ ಬಿಡಿಸಿ, ಹುಬ್ಬೇರಿಸಿ, ಎದೆಯ ಮಟ್ಟಕ್ಕೆ ಕೈಯೆತ್ತಿದೆ. “ಅಣ್ಣಾ, ನೀವು ಕೊನೆಯ ಸಾಲಿನವರಿಗೆ ತೋರಿಸುತ್ತಿದ್ದೀರಿ, ತುಟಿಯೂ ಅಲ್ಲಾಡುತ್ತಿದೆ,” ಎಂದರು ನಿರ್ದೇಶಕರು. ಅವರ ಮಾತು ಸರಿಯಿತ್ತು. ರಂಗದಲ್ಲಿ ಮಾತು ಎಷ್ಟು ಹೊತ್ತೋ ಕೈಯೂ ಅಷ್ಟೇ ಹೊತ್ತು ಆಡುತ್ತದೆ; ಮಾತನ್ನು ತೆಗೆದರೆ ಎತ್ತಿದ ಕೈಯನ್ನು ಯಾವಾಗ ಇಳಿಸಬೇಕೆಂಬುದೇ ತಿಳಿಯುವುದಿಲ್ಲ. ಸಂಭಾಷಣೆಯನ್ನು ಮನಸ್ಸಿನಲ್ಲೇ ಹೇಳಿಕೊಂಡು ನೋಡಿದೆ, ತುಟಿ ನಿಲ್ಲಲಿಲ್ಲ. ಕೊನೆಗೆ ನಾನೇ ಒಂದು ಮೊರ ಕೇಳಿ ಪಡೆದು, ಒಣಗಿದ ಕಾಫಿಯಲ್ಲಿ ಕಲ್ಲು ಆರಿಸುತ್ತ ಕುಳಿತೆ. ಪಕ್ಕದಲ್ಲಿಟ್ಟ ಪತ್ರದ ಮೇಲೆ ಕಣ್ಣು ಹಾಯಿಸುತ್ತ, ಮಗನ ಸುದ್ದಿಯಿದ್ದ ಸಾಲು ಬಂದಾಗ ಬೆರಳುಗಳು ಮೊರದ ಮೇಲೆ ತಾವಾಗಿ ನಿಂತವು. ಅಲ್ಲಿಂದ ಮುಂದೆ ಅಭಿನಯವೆಂದು ಬೇರೇನೂ ಮಾಡಬೇಕಾಗಲಿಲ್ಲ.

ವೇಗವೂ ನನ್ನನ್ನು ಕಾಡಿತು. ಹಳೆಯ ಚಿತ್ರಗಳ ನಡೆ ಬರಲೆಂದು ತಂಡವು ಸೆಕೆಂಡಿಗೆ 16 ಚೌಕಟ್ಟುಗಳಂತೆ (ಫ್ರೇಮ್) ಸೆರೆಹಿಡಿದು 24ರಂತೆ ಓಡಿಸಿತು. ಹೀಗಾಗಿ ಮೂರು ನಿಮಿಷದ ನಟನೆ ಎರಡು ನಿಮಿಷಕ್ಕೆ ಮುಗಿಯುತ್ತಿತ್ತು, ನನ್ನ ದುಃಖವೂ ಅವಸರದ್ದಾಗಿ ಕಾಣುತ್ತಿತ್ತು. ಪತ್ರ ಮಡಚುವ ಒಂದೇ ಕ್ರಿಯೆಯನ್ನು ಉಸಿರೆಣಿಸಿ ನಿಧಾನಿಸಲು ಒಂದು ಇಡೀ ಮಧ್ಯಾಹ್ನ ಹಿಡಿಯಿತು. ಬಣ್ಣದ ವಿಷಯ ಬೇಗ ಬಗೆಹರಿಯಿತು: ಅಂದಿನ ಫಿಲ್ಮಿಗೆ ಕೆಂಪು ಕಾಣದೆ ಕಪ್ಪಾಗಿ ಮೂಡುತ್ತಿದ್ದುದನ್ನು ತಂಡವು ಅನುಕರಿಸಿದ್ದರಿಂದ, ನಾಟಕದ ರೂಢಿಯಂತೆ ಕೆನ್ನೆಗೆ ಹಚ್ಚಿದ ಕೆಂಪು ಗುಳಿಬಿದ್ದಂತೆ ಕಂಡಿತು, ಅದನ್ನು ಒರೆಸಿದೆ.

ಒಂದು ಸಂಗತಿ ಮಾತ್ರ ನಮ್ಮ ನಾಡಿನಿಂದಲೇ ನನಗೆ ಒದಗಿತ್ತು. ಜಡಿಮಳೆಯ ಆಟಿ ತಿಂಗಳಲ್ಲಿ (ಜುಲೈ–ಆಗಸ್ಟ್) ತಗಡಿನ ಸೂರಿನಡಿ ತಾಲೀಮು ನಡೆಸುವಾಗ, ಮಳೆಯ ಸದ್ದಿಗೆ ಎದುರಿನವನ ಮಾತು ಕೇಳದೆ, ಅವನ ಹೆಗಲು, ಕತ್ತು ನೋಡಿಯೇ ನಮ್ಮ ಸರದಿ ಹಿಡಿಯುತ್ತಿದ್ದೆವು. ಅದನ್ನು ನಾವು ತೊಂದರೆಯೆಂದೇ ಬಗೆದಿದ್ದೆವು. ಈ ಮಳೆಗಾಲದಲ್ಲಿ ಹೊಸ ನಾಟಕದ ಮೊದಲ ವಾರದ ತಾಲೀಮನ್ನು ನಾನು ಮಾತಿಲ್ಲದೆ ನಡೆಸುತ್ತಿದ್ದೇನೆ, ಮಳೆ ನಿಂತ ದಿನಗಳಲ್ಲಿಯೂ.